ಇವತ್ತಿನ ದರ, ಆರು ವರ್ಷದ ತೋಟ

ಹುಣಸೆ ಸುಗ್ಗಿಯಲ್ಲಿ ತುಮಕೂರಿನ ಬಟವಾಡಿ ಎಪಿಎಂಸಿ ಯಾರ್ಡಿಗೆ ಬಂದ ವ್ಯಾಪಾರಿ ಮೊದಲು ನೋಡುವುದು ದರಪಟ್ಟಿಯನ್ನಲ್ಲ, ಹಣ್ಣನ್ನು. ರಾಶಿಯ ಒಳಗಿನಿಂದ ಒಂದು ಹಿಡಿ ಎಳೆದು, ಬಣ್ಣ ಕಪ್ಪಿಗೆ ತಿರುಗಿದೆಯೇ, ನಾರು-ಬೀಜ ಎಷ್ಟು ಉಳಿದಿದೆ, ತೇವ ಇದೆಯೇ ಎಂದು ಬೆರಳಲ್ಲೇ ಅಂದಾಜು ಮಾಡುತ್ತಾನೆ. ದರ ಬರೆಯುವುದು ಆಮೇಲೆ. ಇಂಥ ದರ ಬರೆಯುವ ಕೆಲಸವನ್ನು ಚೀಟಿಯಿಂದ ಕಂಪ್ಯೂಟರಿಗೆ ತರಲು ಕರ್ನಾಟಕ 2014ರಲ್ಲಿ ಏಕೀಕೃತ ಮಾರುಕಟ್ಟೆ ವ್ಯವಸ್ಥೆ ಆರಂಭಿಸಿತು. ಮಾಲಿಗೆ ಲಾಟ್ ನಂಬರು ಬೀಳುತ್ತದೆ. ವ್ಯಾಪಾರಿಗಳು ಒಬ್ಬರದ್ದು ಒಬ್ಬರಿಗೆ ಕಾಣದಂತೆ ದರ ನಮೂದಿಸುತ್ತಾರೆ. ಸಮಯ ಮುಗಿದ ಮೇಲೆ ಹೆಚ್ಚು ಕೂಗಿದವರ ಹೆಸರಿಗೆ ಲಾಟ್ ನಿಲ್ಲುತ್ತದೆ. ದರ ರೈತನ ಮೊಬೈಲಿಗೆ ಬರುತ್ತದೆ. ಒಪ್ಪಿಗೆಯಾಗದಿದ್ದರೆ ಬೇಡ ಎನ್ನುವ ಹಕ್ಕು ಅವನದು.

ಇದರಿಂದ ಲಾಭವಾಯಿತೇ? ಅಮೆರಿಕದ ಎಂಐಟಿಯ ರೆತ್ಸೆಫ್ ಲೆವಿ, ಯಾನ್‌ಚೊಂಗ್ ಝೆಂಗ್ ಮತ್ತವರ ಸಂಗಡಿಗರು ರಾಜ್ಯದ ಮಾರುಕಟ್ಟೆಗಳ ಲೆಕ್ಕವನ್ನೇ ಹಿಡಿದು 2020ರಲ್ಲಿ ಉತ್ತರ ಕೊಟ್ಟರು. ಭತ್ತದ ದರ ಶೇ 5.1ರಷ್ಟು, ಕಡಲೆಕಾಯಿಯದು ಶೇ 3.6ರಷ್ಟು, ಮೆಕ್ಕೆಜೋಳದ್ದು ಶೇ 3.5ರಷ್ಟು ಏರಿತ್ತು. ಹತ್ತಿ, ಹೆಸರು, ತೊಗರಿಯಲ್ಲಿ ಮಾತ್ರ ಹೇಳಿಕೊಳ್ಳುವಂಥ ಬದಲಾವಣೆ ಇರಲಿಲ್ಲ. ವ್ಯವಸ್ಥೆ ಅದೇ, ಕಾನೂನು ಅದೇ, ಫಲ ಬೇರೆ. ಯಂತ್ರವೊಂದನ್ನು ತಂದಿಟ್ಟರೆ ನಿರ್ಧಾರ ತಾನಾಗಿ ಸುಧಾರಿಸುವುದಿಲ್ಲ. ಆ ಯಂತ್ರ ಯಾವ ಪ್ರಶ್ನೆಗೆ ಉತ್ತರ ಕೊಡುತ್ತಿದೆ ಎಂಬುದು ಮುಖ್ಯ.

ಮಾರುಕಟ್ಟೆಯ ಪರದೆ ಉತ್ತರಿಸುವುದು 'ಇವತ್ತು ಈ ಮಾಲು ಎಷ್ಟಕ್ಕೆ ಕೊಡಲಿ?' ಎಂಬ ಪ್ರಶ್ನೆಗೆ. ಆದರೆ ಅದೇ ದರ ನೋಡಿ ಗುಬ್ಬಿಯ ರೈತ ಮನಸ್ಸಿನಲ್ಲಿ ಬೇರೊಂದು ಪ್ರಶ್ನೆಗೆ ಉತ್ತರ ಹುಡುಕುತ್ತಿರುತ್ತಾನೆ: 'ರಾಗಿ ಹೊಲಕ್ಕೆ ಅಡಿಕೆ ಇಡಲೇ, ತೆಂಗು ಇಡಲೇ?' ಮೊದಲನೆಯದು ಸಂಜೆಯೊಳಗೆ ಮುಗಿಯುವ ವ್ಯವಹಾರ. ಎರಡನೆಯದು ತಲೆಮಾರಿನದು. ಎರಡಕ್ಕೂ ಒಂದೇ ಅಂಕಿಯನ್ನು ನೆಚ್ಚಿದರೆ ಎಡವಟ್ಟಾಗುತ್ತದೆ. ಎಲ್ಲಿ ಎಡವುತ್ತೇವೆ ಎಂಬುದನ್ನು ಬಿಡಿಸಿ ಹೇಳುವ ಶಾಸ್ತ್ರವೇ ವ್ಯವಸ್ಥಾ ಸಿದ್ಧಾಂತ.

ಬಿಡಿ ಭಾಗಗಳನ್ನಲ್ಲ, ಅವುಗಳ ನಡುವಿನ ಸಂಬಂಧವನ್ನು ಓದಬೇಕು ಎಂದು ಇಪ್ಪತ್ತನೇ ಶತಮಾನದಲ್ಲಿ ವಾದಿಸಿದವರಲ್ಲಿ ಆಸ್ಟ್ರಿಯಾದ ಜೀವವಿಜ್ಞಾನಿ ಲುಡ್ವಿಗ್ ಫಾನ್ ಬರ್ಟಲನ್‌ಫಿ ಪ್ರಮುಖರು. ಅದನ್ನು ಲೆಕ್ಕಕ್ಕೆ ಇಳಿಸಿದವರು ಎಂಐಟಿಯ ಜೇ ಫಾರೆಸ್ಟರ್. ದನಕರುಗಳ ನಡುವೆ ಬೆಳೆದ ಹಳ್ಳಿ ಹುಡುಗ, ಓದಿದ್ದು ಎಲೆಕ್ಟ್ರಿಕಲ್ ಎಂಜಿನಿಯರಿಂಗ್. ಜನರಲ್ ಎಲೆಕ್ಟ್ರಿಕ್ ಕಂಪನಿಯ ಕೆಂಟಕಿ ಕಾರ್ಖಾನೆಗಳಲ್ಲಿ ಒಮ್ಮೆ ಮೂರು ಪಾಳಿ ಕೆಲಸ, ಕೆಲವು ವರ್ಷ ಕಳೆಯುವುದರೊಳಗೆ ಅರ್ಧ ಜನ ಮನೆಗೆ ಎನ್ನುವಂಥ ಏರಿಳಿತ ಇತ್ತು. ಮ್ಯಾನೇಜರುಗಳು ಪೇಟೆಯ ಏರುಪೇರನ್ನು ದೂರುತ್ತಿದ್ದರು. ಫಾರೆಸ್ಟರ್ ಕಾಗದ-ಪೆನ್ಸಿಲ್ ಹಿಡಿದು, ದಾಸ್ತಾನು ನೋಡಿ ಜನರನ್ನು ಸೇರಿಸಿಕೊಳ್ಳುವ ಕಂಪನಿಯದೇ ನಿಯಮಗಳನ್ನು ವಾರವಾರಕ್ಕೆ ಲೆಕ್ಕ ಹಾಕಿದರು. ಬೇಡಿಕೆ ಒಂದೇ ಸಮನಿದ್ದರೂ ಏರಿಳಿತ ನಿಲ್ಲಲಿಲ್ಲ. ಕಾರಣ ಪೇಟೆಯಲ್ಲಿರಲಿಲ್ಲ, ಕಂಪನಿಯ ಒಳಗೇ ಇತ್ತು. ಈ ಲೆಕ್ಕವೇ ಬೆಳೆದು 1961ರ 'ಇಂಡಸ್ಟ್ರಿಯಲ್ ಡೈನಮಿಕ್ಸ್' ಪುಸ್ತಕವಾಯಿತು.

ಅವರ ಲೆಕ್ಕದ ಸಾಮಗ್ರಿ ಸರಳ: ಶೇಖರಣೆ, ಒಳಹರಿವು-ಹೊರಹರಿವು, ಫಲಿತಾಂಶ ಮರಳಿ ಬಂದು ನಿರ್ಧಾರವನ್ನು ತಿದ್ದುವ ಹಿಮ್ಮಾಹಿತಿ, ಮತ್ತು ತಡ. ಮೊದಲ ಮೂರನ್ನು ಅನುಭವಸ್ಥರು ಹೇಗೋ ನಿಭಾಯಿಸುತ್ತಾರೆ. ಎಂಥವರನ್ನೂ ಕೆಡವುವುದು ನಾಲ್ಕನೆಯದು.

ನಮ್ಮ ಜಿಲ್ಲೆಯಲ್ಲಿ ತಡ ಎಂದರೇನೆಂದು ತಿಳಿಯಲು ತೆಂಗಿನ ಮರ ಸಾಕು. ಫಸಲಿನಲ್ಲಿರುವ ಮರಕ್ಕೆ ಹೆಚ್ಚುಕಡಿಮೆ ತಿಂಗಳಿಗೊಂದು ಗರಿ ಬರುತ್ತದೆ, ಗರಿಯ ಕಂಕುಳಲ್ಲಿ ಒಂದು ಹೊಂಬಾಳೆ. ಆ ಹೊಂಬಾಳೆ ಸುಳಿಯೊಳಗೆ ಮೊಳೆಯುವ ದಿನದಿಂದ ಅದರ ಕಾಯಿ ಬಲಿಯುವ ತನಕ ಸುಮಾರು 44 ತಿಂಗಳು ಹಿಡಿಯುತ್ತದೆ. ಈ ಅವಧಿಯ ಯಾವ ಹಂತದಲ್ಲಿ ನೀರು ಕೈಕೊಟ್ಟರೂ ಏಟು ಬೀಳುತ್ತದೆ: ಹೊಂಬಾಳೆ ಸಣ್ಣದಾಗಬಹುದು, ಹರಳು ಉದುರಬಹುದು, ಕಾಯಿ ಜೊಳ್ಳಾಗಬಹುದು. 2023ರಲ್ಲಿ ರಾಜ್ಯದ 236 ತಾಲ್ಲೂಕುಗಳಲ್ಲಿ 223ನ್ನು ಬರಪೀಡಿತ ಎಂದು ಸರ್ಕಾರ ಘೋಷಿಸಿತು. ಆ ಬರದ ಲೆಕ್ಕ ಅದೇ ವರ್ಷ ಚುಕ್ತಾ ಆಗುವುದಿಲ್ಲ. ಆಗ ಸುಳಿಯೊಳಗಿದ್ದ ಹೊಂಬಾಳೆಯ ಕಾಯಿ ಕೊಯ್ಲಿಗೆ ಬರುವುದು 2026-27ರ ಹೊತ್ತಿಗೆ.

ಇದರ ಮೇಲೆ ಅಟ್ಟದ ತಡ. ತಿಪಟೂರಿನ ಉಂಡೆ ಕೊಬ್ಬರಿಗೆ ಬಲಿತ ಕಾಯಿಯನ್ನು ಎಂಟರಿಂದ ಹನ್ನೆರಡು ತಿಂಗಳು ಅಟ್ಟದಲ್ಲಿ ಹಾಕಿಡಬೇಕು. ಒಳಗಿನ ನೀರು ಇಂಗಿ, ಅಲುಗಾಡಿಸಿದರೆ ಗಿಟುಕು ಲೊಡಲೊಡ ಎನ್ನಬೇಕು. ಅದೇ ಕಾಯನ್ನು ಏಳು ತಿಂಗಳಿಗೇ ಎಳನೀರಿಗೆ ಇಳಿಸಿದರೆ ದುಡ್ಡು ಕೂಡಲೇ ಕೈಗೆ. ಹಾಗೆ ಇಳಿಸಿದ ಪ್ರತಿ ಗೊನೆಯೂ ಒಂದೂವರೆ ವರ್ಷದ ನಂತರ ಕೊಬ್ಬರಿ ಮಾರುಕಟ್ಟೆಗೆ ಬರಬೇಕಿದ್ದ ಮಾಲಿನಲ್ಲಿ ಕಡಿತ.

ಈಗ ದರ ನೋಡಿ. 2023ರಲ್ಲಿ ಉಂಡೆ ಕೊಬ್ಬರಿಯ ಬೆಂಬಲ ಬೆಲೆ ಕ್ವಿಂಟಲಿಗೆ 11,750 ರೂಪಾಯಿ. ಪೇಟೆಯಲ್ಲಿ ಸಿಗುತ್ತಿದ್ದುದು ಒಂದು ಹಂತದಲ್ಲಿ 8,000ದ ಆಸುಪಾಸು. 2025ರ ಮಧ್ಯಕ್ಕೆ ಅದೇ ಕೊಬ್ಬರಿ 25,000 ದಾಟಿತು. ಎರಡು ವರ್ಷದಲ್ಲಿ ಜನ ಮೂರು ಪಟ್ಟು ಕೊಬ್ಬರಿ ತಿನ್ನಲು ಶುರುಮಾಡಲಿಲ್ಲ. ಇಳುವರಿ, ರೋಗ, ಎಳನೀರು, ಅಟ್ಟ, ಹೀಗೆ ಹಲವು ತಡಗಳು ಒಟ್ಟಿಗೆ ಬಂದು ಕೂಡಿದವು. 8,000ದ ದಿನ ಬೇಸತ್ತು ತೋಟ ಕೈಬಿಟ್ಟವರೂ 25,000ದ ದಿನ ಉಮೇದಿನಿಂದ ಸಸಿ ತಂದವರೂ ಮಾಡಿದ ತಪ್ಪು ಒಂದೇ: ಹಳೆಯ ಕಾರಣದ ಫಲವನ್ನು ನಾಳಿನ ಸೂಚನೆ ಎಂದು ಓದಿದ್ದು. ಇವತ್ತು ನೆಟ್ಟ ತಿಪಟೂರು ಟಾಲ್ ಸಸಿ ಫಲ ಕೊಡಲು ಆರೇಳು ವರ್ಷ ಬೇಕು. ಅಡಿಕೆಗೂ ಐದಾರು ವರ್ಷ ತಪ್ಪದು. ದರ ನೋಡಿ ನೆಟ್ಟವರ ಫಸಲೆಲ್ಲ ಒಂದೇ ಹೊತ್ತಿಗೆ ಬಂದಾಗ ದರ ಬೀಳುತ್ತದೆ. ಈ ಚಕ್ರಕ್ಕೆ ಅರ್ಥಶಾಸ್ತ್ರಜ್ಞ ನಿಕೊಲಸ್ ಕಾಲ್ಡರ್ 1934ರಲ್ಲೇ ಜೇಡರ ಬಲೆಯ ಹೆಸರಿಟ್ಟಿದ್ದರು.

ಹಾಗಾದರೆ ನಿರ್ಧಾರಕ್ಕೆ ನಿಜಕ್ಕೂ ನೆರವಾಗುವ ಸಾಧನ ಹೇಗಿರಬೇಕು? ಉದಾಹರಣೆ ನಮ್ಮ ಜಿಲ್ಲೆಯಲ್ಲೇ ಇದೆ. ಪಾವಗಡ-ಅನಂತಪುರ ಸೀಮೆಯಲ್ಲಿ ಕಿರುಧಾನ್ಯ, ಬೇಳೆಗಳ ಮಿಶ್ರ ಬೇಸಾಯ ಹಿಂದೆ ಸರಿದು ಕಡಲೆಕಾಯಿ ಹೊಲ ತುಂಬಿದಾಗ, ಯಾವಾಗ ಬಿತ್ತಬೇಕೆಂಬುದಕ್ಕೆ ಅಜ್ಜಂದಿರ ಅನುಭವದ ಬೆಂಬಲ ಅಷ್ಟಿರಲಿಲ್ಲ. ಭಾರತೀಯ ವಿಜ್ಞಾನ ಸಂಸ್ಥೆಯ ಮಾನ್ಸೂನ್ ತಜ್ಞೆ ಸುಲೋಚನಾ ಗಾಡ್ಗೀಳ್ ಮತ್ತು ಪಾವಗಡ ಸೀಮೆಯ ರೈತ-ವಿಜ್ಞಾನಿ ಪಿ.ಆರ್. ಶೇಷಗಿರಿ ರಾವ್ 1990ರ ದಶಕದಲ್ಲಿ ಈ ಪ್ರಶ್ನೆ ಕೈಗೆತ್ತಿಕೊಂಡರು. ಹಲವು ದಶಕಗಳ ಮಳೆ ಲೆಕ್ಕವನ್ನು ಪೀನಟ್‌ಗ್ರೊ ಎಂಬ ಬೆಳೆ ಮಾದರಿಗೆ ಊಡಿಸಿ, ಒಂದೊಂದು ದಿನ ಬಿತ್ತಿದ್ದರೆ ಆಯಾ ವರ್ಷ ಎಷ್ಟು ಇಳುವರಿ ಬರುತ್ತಿತ್ತು ಎಂದು ಲೆಕ್ಕ ತೆಗೆದರು. ಬೆಳೆ ಕೈಕೊಡುವ ಅಪಾಯ ಕಡಿಮೆ ಇದ್ದುದು ಜೂನ್ 22ರಿಂದ ಆಗಸ್ಟ್ 17ರ ತನಕ. ರೈತರು ಅಷ್ಟರಲ್ಲಾಗಲೇ ಬಳಸುತ್ತಿದ್ದುದೂ ಅದೇ ಅವಧಿಯನ್ನು.

ಕಂಪ್ಯೂಟರು ಹೊಸದೇನು ಹೇಳಿತು ಎಂದು ಕೇಳಬಹುದು. 'ಇಂಥ ದಿನವೇ ಬಿತ್ತಿ' ಎಂದು ಅದು ಅಪ್ಪಣೆ ಕೊಡಲಿಲ್ಲ. ಒಂದು ವರ್ಷದ ನೆನಪಿನ ಜಾಗದಲ್ಲಿ ಹಲವು ದಶಕಗಳ ಸಾಧ್ಯತೆಗಳನ್ನು ಇಟ್ಟಿತು. ಆ ಅವಧಿಯೊಳಗೆ ಹದ ಸಿಕ್ಕ ದಿನ ಬಿತ್ತಿದರೆ ಸಾಕು, ಯಾವುದೋ ಒಂದು ದಿನಕ್ಕಾಗಿ ಆತುರ ಬೇಡ ಎಂಬ ಧೈರ್ಯ ಕೊಟ್ಟಿತು. ಎತ್ತು ಯಾವಾಗ ಸಿಗುತ್ತದೆ, ಬೀಜಕ್ಕೆ ಸಾಲ ಎಷ್ಟು ಎಂಬ ತೀರ್ಮಾನ ರೈತನಿಗೇ ಉಳಿಯಿತು. 1971ರಲ್ಲಿ ಎಂಐಟಿಯ ಆಂಥನಿ ಗೋರಿ ಮತ್ತು ಮೈಕೆಲ್ ಸ್ಕಾಟ್ ಮಾರ್ಟನ್ ಹಾಕಿಕೊಟ್ಟ ಗೆರೆಯೂ ಇದೇ. ನಿಯಮಕ್ಕೆ ಪೂರ್ತಿ ಸಿಗುವ ಕೆಲಸವನ್ನು ಯಂತ್ರಕ್ಕೆ ಬಿಡಬಹುದು. ಅರ್ಧ ಲೆಕ್ಕ, ಅರ್ಧ ವಿವೇಚನೆ ಬೇಕಾದ ಕಡೆ ಯಂತ್ರ ನೆರವಿಗಷ್ಟೇ. ಹೆಚ್ಚು ದರ ಹುಡುಕುವುದು ಮೊದಲ ಬಗೆ, ಬಿತ್ತುವುದು ಮತ್ತು ನೆಡುವುದು ಎರಡನೆಯ ಬಗೆ.

ಬಟವಾಡಿಯ ಪರದೆ ಮೊದಲ ಕೆಲಸಕ್ಕೆ ತಕ್ಕದ್ದೇ. ಎರಡನೆಯದಕ್ಕೆ ಬೇಕಾದ ಮಾಹಿತಿ ಬೇರೆಲ್ಲೋ ಇದೆ: ನರ್ಸರಿಗಳಲ್ಲಿ. ಈ ವರ್ಷ ಜಿಲ್ಲೆಯಲ್ಲಿ ಎಷ್ಟು ಅಡಿಕೆ, ತೆಂಗಿನ ಸಸಿ ಮಾರಾಟವಾಯಿತು ಎಂಬ ಅಂಕಿ ಆರು ವರ್ಷದ ನಂತರದ ಆವಕದ ಬಗ್ಗೆ ಇವತ್ತಿನ ದರಕ್ಕಿಂತ ಹೆಚ್ಚು ಹೇಳುತ್ತದೆ. ತೋಟಗಾರಿಕೆ ಇಲಾಖೆ ತನ್ನ ನರ್ಸರಿಗಳ ಮಾರಾಟವನ್ನೂ, ನೋಂದಾಯಿತ ಖಾಸಗಿ ನರ್ಸರಿಗಳ ಲೆಕ್ಕವನ್ನೂ ತಾಲ್ಲೂಕುವಾರು ಸೇರಿಸಿ, ಅಂತರ್ಜಲ ಮಟ್ಟದ ಜೊತೆಗೆ ಎಪಿಎಂಸಿ ದರಪಟ್ಟಿಯ ಪಕ್ಕದಲ್ಲೇ ಪ್ರಕಟಿಸಲಿ. ಅಷ್ಟಾಗುವ ತನಕ ಸಸಿ ಕೊಳ್ಳಲು ಹೋದವರು ಬೆಲೆ ವಿಚಾರಿಸುವ ಮೊದಲು ಒಂದು ಮಾತು ಕೇಳಿ: 'ಈ ವರ್ಷ ಎಷ್ಟು ಜನ ಒಯ್ದರು?' ಎಲ್ಲರೂ ಒಯ್ಯುತ್ತಿದ್ದಾರೆ ಎಂಬ ಉತ್ತರ ಬಂದರೆ, ಇನ್ನೊಮ್ಮೆ ಯೋಚಿಸಿ.