ಕೆಂಡದ ಮೇಲೆ ಆಲೂ, ಆಲೂ ಮೇಲೆ ಚೀಸ್!

ಮಹಡಿ ಮೇಲೆ ಗ್ರಿಲ್ ಹಚ್ಚುವ ಹುಮ್ಮಸ್ಸು ಮೈಸೂರಿನ ಮನೆಗಳಿಗೂ ಬಂದಿದೆ. ಆಲೂಗಡ್ಡೆ ಹೊರಗೆ ಕರಕಲು, ಒಳಗೆ ಹಸಿ ಆಗದಿರಲು ಏನು ಮಾಡಬೇಕು? ಸಕ್ಕರೆ ಕಾಯಿಲೆಯ ಅತ್ತೆಗೆ, ಬಿ.ಪಿ. ಇರುವ ಮಾವನಿಗೆ ಎಷ್ಟು ಬಡಿಸಬೇಕು? ಉಳಿದ ಕೆಂಡವನ್ನು ಏನು ಮಾಡಬೇಕು?

ಡಿಸೆಂಬರ್ ಚಳಿ ಶುರುವಾಯಿತೆಂದರೆ ಸಾಕು, ಕುವೆಂಪುನಗರ, ವಿಜಯನಗರ, ಬೋಗಾದಿ ಕಡೆಯ ಮಹಡಿಗಳ ಮೇಲೆ ಶನಿವಾರ ಸಂಜೆ ಅಲ್ಲೊಂದು ಇಲ್ಲೊಂದು ಹೊಗೆ ಏಳುತ್ತದೆ. ಬೆಂಗಳೂರಿನಲ್ಲಿ ಕೆಲಸದಲ್ಲಿರುವ ಮಕ್ಕಳು ಊರಿಗೆ ಬಂದಿರುತ್ತಾರೆ. ‘ಅಮ್ಮಾ, ಇವತ್ತು ನೀನು ಅಡುಗೆ ಮಾಡಬೇಡ, ಬಾರ್ಬೆಕ್ಯೂ ಮಾಡೋಣ’ ಅಂತಾರೆ. ಅಡುಗೆ ಬೇಡ ಅಂದ ಮೇಲೆ ಅಮ್ಮನಿಗೆ ಕೆಲಸ ಕಡಿಮೆ ಆಗಬೇಕಲ್ಲವೇ? ಆಗುವುದು ತಿರುಗುಮುರುಗು. ತರಕಾರಿ ಹೆಚ್ಚುವವಳು ಅಮ್ಮ, ಚಟ್ನಿ ರುಬ್ಬುವವಳು ಅಮ್ಮ, ‘ಉಪ್ಪು ಎಲ್ಲಿ, ಚಾಕು ಎಲ್ಲಿ’ ಎಂದು ಕೂಗಿದಾಗಲೆಲ್ಲ ಮೆಟ್ಟಿಲು ಹತ್ತಿ ಇಳಿಯುವವಳೂ ಅಮ್ಮ. ಕೊನೆಗೆ ಆಲೂಗಡ್ಡೆ ಬೇಯಲೇ ಇಲ್ಲ ಎಂದು ಕೆಳಗೆ ತಂದು ಕುಕ್ಕರ್‌ಗೆ ಹಾಕುವುದೂ ಅವಳ ಪಾಲಿಗೇ!

ಸ್ವಲ್ಪ ತಯಾರಿ ಇದ್ದರೆ ಇದು ನಿಜಕ್ಕೂ ಎಲ್ಲರೂ ಕೂತು ಮಾಡುವ ಅಡುಗೆ. ಹೆಸರು ಹೊಸದಿರಬಹುದು, ಕೆಂಡದ ರುಚಿ ನಮಗೆ ಹೊಸದಲ್ಲ. ಬಚ್ಚಲೊಲೆಯ ಬೂದಿಯಲ್ಲಿ ಹುದುಗಿಸಿಟ್ಟ ಗೆಣಸು, ಕೆಂಡದಲ್ಲಿ ಸುಟ್ಟ ಬದನೆಕಾಯಿಯ ಗೊಜ್ಜು ತಿಂದು ಬೆಳೆದವರು ನಾವು. ದಸರಾ ಆಹಾರ ಮೇಳದಲ್ಲಿ ಬಿದಿರಿನೊಳಗೆ ಬೇಯಿಸುವ ಬಂಬೂ ಬಿರಿಯಾನಿಗೆ ಜನ ಮುಗಿಬೀಳುವುದೂ ಅದೇ ರುಚಿಗೆ. ಗೆಣಸಿನ ಜಾಗದಲ್ಲಿ ಆಲೂಗಡ್ಡೆ ಇಡಿ, ಮೇಲೆ ಒಂದಿಷ್ಟು ಚೀಸ್ ತುರಿಯಿರಿ, ಅಷ್ಟೇ.

ಯಾವ ಆಲೂಗಡ್ಡೆ?

ನಮ್ಮ ಪಕ್ಕದ ಹಾಸನವೇ ಆಲೂಗಡ್ಡೆಗೆ ಹೆಸರಾದ ಜಿಲ್ಲೆ. ಅಲ್ಲಿ ಮುಂಗಾರಿಗೆ ಬಿತ್ತಿದ ಬೆಳೆ ಆಗಸ್ಟ್ ಹೊತ್ತಿಗೆ ಮಾರುಕಟ್ಟೆಗೆ ಬರತೊಡಗುತ್ತದೆ. ರೈತರು ಹೆಚ್ಚಾಗಿ ಬೆಳೆಯುತ್ತಾ ಬಂದ ತಳಿ ಕುಫ್ರಿ ಜ್ಯೋತಿ. ಹೊಸ ಆಲೂಗಡ್ಡೆಯ ಸಿಪ್ಪೆ ತೆಳು, ತಿರುಳಿನಲ್ಲಿ ನೀರು ಜಾಸ್ತಿ. ಬೆಂದರೂ ಆಕಾರ ಬಿಡುವುದಿಲ್ಲ, ಹಾಗಾಗಿ ಗ್ರಿಲ್‌ಗೆ ಇದೇ ಸರಿ. ಹಳೆಯ, ಹಿಟ್ಟುಹಿಟ್ಟಾದ ಆಲೂಗಡ್ಡೆಯನ್ನು ಮಸಾಲೆ ದೋಸೆಯ ಪಲ್ಯಕ್ಕೆ ಇಟ್ಟುಕೊಳ್ಳಿ.

ದೇವರಾಜ ಮಾರುಕಟ್ಟೆಗೆ ಹೋಗಲಿ, ಮನೆ ಮುಂದಿನ ಗಾಡಿಯವರ ಹತ್ತಿರ ಕೊಳ್ಳಲಿ, ಒಂದೇ ಗಾತ್ರದ ಗಡ್ಡೆಗಳನ್ನು ಆರಿಸಿ. ಒಂದು ದೊಡ್ಡದು, ಒಂದು ಚಿಕ್ಕದು ಆದರೆ ಒಟ್ಟಿಗೆ ಬೇಯುವುದಿಲ್ಲ. ಹಸಿರು ಬಣ್ಣಕ್ಕೆ ತಿರುಗಿದ, ಮೊಳಕೆ ಬಂದ ಗಡ್ಡೆ ಬೇಡವೇ ಬೇಡ. ಬೆಳಕಿಗೆ ಬಿದ್ದ ಆಲೂಗಡ್ಡೆಯಲ್ಲಿ ಸೊಲನೈನ್ ಎಂಬ ವಿಷದ ಅಂಶ ಹೆಚ್ಚುತ್ತದೆ. ಬೇಯಿಸಿದರೂ ಸುಟ್ಟರೂ ಅದು ಹೋಗುವುದಿಲ್ಲ. ವಾಂತಿ, ಹೊಟ್ಟೆನೋವು ತರಬಹುದು. ಮನೆಯಲ್ಲಿ ಪ್ಲಾಸ್ಟಿಕ್ ಕವರಿನಲ್ಲಿ ಕಟ್ಟಿಡದೆ, ಗಾಳಿಯಾಡುವ ಬುಟ್ಟಿಯಲ್ಲಿ ಕತ್ತಲಲ್ಲಿಡಿ.

ಚೀಸ್ ಕೊಳ್ಳುವಾಗ

ಅಂಗಡಿಯಲ್ಲಿ ಸಿಗುವ ಕ್ಯೂಬ್, ಸ್ಲೈಸ್‌ಗಳು ಸಂಸ್ಕರಿಸಿದ ಚೀಸ್. ಕರಗಿದರೂ ನುಣ್ಣಗೆ ಇರಲಿ ಎಂದು ಅದಕ್ಕೆ ಕೆಲವು ಲವಣಗಳನ್ನು ಸೇರಿಸಿರುತ್ತಾರೆ. ಆದ್ದರಿಂದ ಸೋಡಿಯಂ ಹೆಚ್ಚು. ಪಿಜ್ಜಾಗೆ ಹಾಕುವ ಮೊಜರೆಲ್ಲಾ ಎಳೆ ಎಳೆಯಾಗಿ ಬರುತ್ತದೆ, ಉಪ್ಪು ಸಾಮಾನ್ಯವಾಗಿ ಇದಕ್ಕಿಂತ ಕಡಿಮೆ. ಎರಡನ್ನೂ ಅರ್ಧರ್ಧ ಬೆರೆಸಿದರೆ ರುಚಿಯೂ ಚೆನ್ನ, ಕರಗುವುದೂ ಚೆನ್ನ. ಹಾಲು ಒಡೆಯಲು ಬಳಸುವ ರೆನೆಟ್ ಕೆಲವು ವಿದೇಶಿ ಚೀಸ್‌ಗಳಲ್ಲಿ ಕರುವಿನ ಹೊಟ್ಟೆಯಿಂದ ಬಂದದ್ದಾಗಿರುತ್ತದೆ. ಸಸ್ಯಾಹಾರಿಗಳ ಮನೆಯಾದರೆ ಪೊಟ್ಟಣದ ಮೇಲೆ ಹಸಿರು ಚುಕ್ಕೆ ಇದೆಯೇ ಎಂದು ನೋಡಿಯೇ ಕೊಳ್ಳಿ.

ಪನ್ನೀರ್ ಹಾಕಬಹುದಾ ಅಂತೀರಾ? ಹಾಕಬಹುದು. ಆದರೆ ಅದು ಕರಗುವುದಿಲ್ಲ. ತುರಿದು ಮಸಾಲೆಯ ಜೊತೆ ಒಳಗೆ ತುಂಬಿ, ಚೀಸನ್ನು ಮೇಲಕ್ಕೆ ಮಾತ್ರ ಉಪಯೋಗಿಸಿ. ಖರ್ಚೂ ಉಳಿಯುತ್ತದೆ.

ಬೇಕಾಗುವ ಸಾಮಗ್ರಿ (ಆರು ಜನರಿಗೆ)

ಮಧ್ಯಮ ಗಾತ್ರದ ಆಲೂಗಡ್ಡೆ 6 (ಸುಮಾರು ಮುಕ್ಕಾಲು ಕೆ.ಜಿ.), ತುರಿದ ಚೀಸ್ 100 ಗ್ರಾಂ, ಸಣ್ಣಗೆ ಹೆಚ್ಚಿದ ಈರುಳ್ಳಿ 1, ದಪ್ಪ ಮೆಣಸಿನಕಾಯಿ 1, ಹಸಿಮೆಣಸಿನಕಾಯಿ 2, ಬೆಣ್ಣೆ 2 ಚಮಚ, ಕುಟ್ಟಿದ ಕಾಳುಮೆಣಸು 1 ಚಮಚ, ಜೀರಿಗೆ ಅರ್ಧ ಚಮಚ, ಬೆಳ್ಳುಳ್ಳಿ 4 ಎಸಳು (ಬೇಕಿದ್ದರೆ), ಕೊತ್ತಂಬರಿ ಸೊಪ್ಪು, ಅರ್ಧ ನಿಂಬೆಹಣ್ಣು, ಬಾಳೆ ಎಲೆ, ಕಟ್ಟಲು ನೀರಲ್ಲಿ ನೆನೆಸಿದ ಬಾಳೆ ನಾರು.

ಮಾಡುವ ವಿಧಾನ

* ಆಲೂಗಡ್ಡೆಯನ್ನು ಸಿಪ್ಪೆ ಸಮೇತ ತೊಳೆದು, ತೆರೆದ ಪಾತ್ರೆಯಲ್ಲಿ 10-12 ನಿಮಿಷ ಮುಕ್ಕಾಲು ಪಾಲು ಬೇಯಿಸಿ. ಚಾಕು ಚುಚ್ಚಿದರೆ ನಡುವೆ ತುಸು ಗಟ್ಟಿ ಅನ್ನಿಸಬೇಕು. ಇದನ್ನು ಬೆಳಿಗ್ಗೆಯೇ ಮಾಡಿ, ಆರಿಸಿ ಫ್ರಿಜ್‌ನಲ್ಲಿ ಇಟ್ಟುಕೊಳ್ಳಬಹುದು.

* ಎಣ್ಣೆಗಾಯಿಗೆ ಬದನೆಕಾಯಿ ಸೀಳುವ ಹಾಗೆ, ಬುಡ ಬಿಡದಂತೆ ನಾಲ್ಕು ಭಾಗ ಸೀಳಿ.

* ಬೆಣ್ಣೆಯಲ್ಲಿ ಜೀರಿಗೆ, ಬೆಳ್ಳುಳ್ಳಿ, ಈರುಳ್ಳಿ, ಎರಡೂ ಬಗೆಯ ಮೆಣಸಿನಕಾಯಿ ಬಾಡಿಸಿ, ಕಾಳುಮೆಣಸು ಬೆರೆಸಿ. ಉಪ್ಪನ್ನು ಚಿಟಿಕೆಯಷ್ಟೇ ಹಾಕಿ, ಚೀಸ್‌ನಲ್ಲೂ ಇದೆಯಲ್ಲ. ಇದನ್ನು ಸೀಳಿನೊಳಗೆ ತುಂಬಿ.

* ಬಾಳೆ ಎಲೆಯನ್ನು ಉರಿಯ ಮೇಲೆ ಹಿಡಿದು ಬಾಡಿಸಿಕೊಳ್ಳಿ. ಒಂದೊಂದು ಆಲೂಗಡ್ಡೆಯನ್ನೂ ಎರಡು ಸುತ್ತು ಎಲೆಯಲ್ಲಿ ಸುತ್ತಿ ನಾರಿನಿಂದ ಕಟ್ಟಿ. ಹೊರಗಿನ ಎಲೆ ಕಪ್ಪಾದರೂ ಒಳಗಿನದು ಕಾಪಾಡುತ್ತದೆ.

* ಗ್ರಿಲ್‌ನಲ್ಲಿ ಕೆಂಡವನ್ನು ಒಂದು ಪಕ್ಕಕ್ಕೆ ಸರಿಸಿ, ಪೊಟ್ಟಣಗಳನ್ನು ಇನ್ನೊಂದು ಪಕ್ಕದಲ್ಲಿಡಿ. ಮೇಲೆ ಹಳೆಯ ಬಾಣಲೆ ಬೋರಲು ಹಾಕಿ 15-18 ನಿಮಿಷ ಬಿಡಿ. ಮಧ್ಯೆ ಒಮ್ಮೆ ತಿರುಗಿಸಿ.

* ಈಗ ಪೊಟ್ಟಣ ಬಿಚ್ಚಿ, ಚೀಸ್ ಉದುರಿಸಿ, ಮತ್ತೆ ಮುಚ್ಚಿ 4-5 ನಿಮಿಷ. ಕರಗಿದ ಕೂಡಲೇ ಇಳಿಸಿ ನಿಂಬೆರಸ, ಕೊತ್ತಂಬರಿ ಸೊಪ್ಪು ಹಾಕಿ ಬಿಸಿಬಿಸಿಯಾಗಿ ಬಡಿಸಿ.

ಚೀಸ್ ಮೊದಲೇ ಹಾಕಿದರೆ ಎಣ್ಣೆ ಬಿಟ್ಟು ರಬ್ಬರಿನಂತಾಗುತ್ತದೆ. ನಿಂಬೆರಸ ಮೊದಲೇ ಹಿಂಡಿದರೆ ಹುಳಿಗೆ ಆಲೂಗಡ್ಡೆ ಬೇಗ ಮೆತ್ತಗಾಗುವುದಿಲ್ಲ. ಹಾಗಾಗಿ ಎರಡೂ ಕೊನೆಗೆ. ಬಾಳೆ ಎಲೆ ಸಿಗದಿದ್ದರೆ ಅಲ್ಯೂಮಿನಿಯಂ ಫಾಯಿಲ್ ಆಗಬಹುದು, ಆದರೆ ಅದರೊಳಗೆ ಹುಣಸೆ, ನಿಂಬೆ ಹಾಕಬೇಡಿ. ಹುಳಿ, ಉಪ್ಪು ಎರಡೂ ಸೇರಿದರೆ ಲೋಹದ ಅಂಶ ಆಹಾರಕ್ಕೆ ಇಳಿಯುತ್ತದೆ.

ಬಣ್ಣ ಹೊಂಬಣ್ಣಕ್ಕೆ ಬಂದರೆ ಸಾಕು, ಕಪ್ಪಗಾಗುವುದು ಬೇಡ. ಪಿಷ್ಟದ ಪದಾರ್ಥವನ್ನು ಹೆಚ್ಚು ಬಿಸಿಯಲ್ಲಿ ಸುಟ್ಟಾಗ, ಕರಿದಾಗ ಅಕ್ರಿಲಮೈಡ್ ಎಂಬ ಬೇಡದ ರಾಸಾಯನಿಕ ಹುಟ್ಟುತ್ತದೆ ಎಂದು ಸ್ವೀಡನ್ನಿನ ವಿಜ್ಞಾನಿಗಳು 2002ರಲ್ಲಿ ತೋರಿಸಿದರು. ಮೊದಲೇ ಬೇಯಿಸಿಕೊಂಡರೆ ಕೆಂಡದ ಮೇಲಿಡುವ ಹೊತ್ತು ಕಡಿಮೆ, ಕರಕಲೂ ಕಡಿಮೆ.

ಗ್ರಿಲ್ ಇಲ್ಲದವರು ಬೇಜಾರು ಮಾಡಿಕೊಳ್ಳಬೇಡಿ. ದಪ್ಪ ತಳದ ದೋಸೆ ಕಾವಲಿಯ ಮೇಲೆ ಪೊಟ್ಟಣ ಇಟ್ಟು, ಮುಚ್ಚಿ, ಸಣ್ಣ ಉರಿಯಲ್ಲಿ ಬೇಯಿಸಿ. ಹೊಗೆಯ ವಾಸನೆ ಇರುವುದಿಲ್ಲ, ರುಚಿಗೇನೂ ಮೋಸವಿಲ್ಲ.

ಹಿರಿಯರ ತಟ್ಟೆಗೆ ಎಷ್ಟು?

‘ನಂಗೆ ಶುಗರ್ ಇದೆ, ನೀವೇ ತಿನ್ನಿ’ ಎಂದು ಅತ್ತೆ ದೂರ ಕೂತರೆ ಮನೆಯವರಿಗೆ ತುತ್ತು ಇಳಿಯುವುದು ಹೇಗೆ? ಪೂರ್ತಿ ಬಿಡಬೇಕಿಲ್ಲ, ಲೆಕ್ಕ ಇರಬೇಕು ಅಷ್ಟೇ. ನಾವು ಮಾಡುವ ದೊಡ್ಡ ತಪ್ಪೆಂದರೆ ಆಲೂಗಡ್ಡೆಯನ್ನು ಪಲ್ಯದ ಲೆಕ್ಕಕ್ಕೆ ಸೇರಿಸುವುದು. 100 ಗ್ರಾಂ ಆಲೂಗಡ್ಡೆಯಲ್ಲಿ ಸುಮಾರು 17 ಗ್ರಾಂ ಪಿಷ್ಟ ಇರುತ್ತದೆ. ಅದು ಅನ್ನ, ಚಪಾತಿಯ ಲೆಕ್ಕ. ಅರ್ಧ ಆಲೂಗಡ್ಡೆ ಬಡಿಸಿದರೆ ಅಷ್ಟು ಅನ್ನ ಕಡಿಮೆ ಮಾಡಿ. ಪಕ್ಕಕ್ಕೆ ಸೌತೆಕಾಯಿ, ಕೋಸಂಬರಿ ಧಾರಾಳವಾಗಿರಲಿ.

ಬಿ.ಪಿ. ಇರುವವರಿಗೆ ತೊಂದರೆ ಕೊಡುವುದು ಚೀಸ್‌ನ ಉಪ್ಪು. ದಿನಕ್ಕೆ ಒಬ್ಬರಿಗೆ 5 ಗ್ರಾಂಗಿಂತ, ಅಂದರೆ ಒಂದು ಟೀ ಚಮಚಕ್ಕಿಂತ ಕಡಿಮೆ ಉಪ್ಪು ಸಾಕು ಎನ್ನುತ್ತದೆ ವಿಶ್ವ ಆರೋಗ್ಯ ಸಂಸ್ಥೆ. ಉಪ್ಪಿನಕಾಯಿ, ಹಪ್ಪಳ, ಸಾರು ಎಲ್ಲ ಸೇರಿ ಆ ಚಮಚ ಮಧ್ಯಾಹ್ನವೇ ತುಂಬಿರುತ್ತದೆ! ಅವರ ಆಲೂಗಡ್ಡೆಗೆ ಮಸಾಲೆಯಲ್ಲಿ ಉಪ್ಪು ಹಾಕದೆ, ಚೀಸ್ ಅರ್ಧ ಹಾಕಿ, ಗುರುತಿಗೆ ನಾರನ್ನು ಎರಡು ಗಂಟು ಕಟ್ಟಿಡಿ. ಮೂತ್ರಪಿಂಡದ ತೊಂದರೆ ಇರುವವರಿಗೆ ಆಲೂಗಡ್ಡೆಯ ಪೊಟ್ಯಾಸಿಯಂ ಆಗಿಬರದಿರಬಹುದು. ಅವರು ವೈದ್ಯರನ್ನು ಕೇಳಿಯೇ ತಿನ್ನಲಿ.

ಕೆಂಡದ ವಿಷಯದಲ್ಲಿ ಸಲಿಗೆ ಬೇಡ

ಇದ್ದಿಲಿಗೆ ಸೀಮೆಎಣ್ಣೆ, ಪೆಟ್ರೋಲ್ ಸುರಿಯಬೇಡಿ. ಒಣಗಿದ ತೆಂಗಿನ ಕರಟ ಎರಡು ಹಚ್ಚಿ ಮೇಲೆ ಇದ್ದಿಲು ಜೋಡಿಸಿದರೆ ಅರ್ಧ ಗಂಟೆಯೊಳಗೆ ಬೂದಿ ಮುಚ್ಚಿದ ಕೆಂಡ ಸಿದ್ಧ. ಗೇಣು ಎತ್ತರದಲ್ಲಿ ಅಂಗೈ ಹಿಡಿದು ಐದಾರು ಸೆಕೆಂಡ್ ತಡೆಯಲಾದರೆ ಹದವಾದ ಶಾಖ. ಸೆರಗು, ದುಪಟ್ಟಾ ಸಿಕ್ಕಿಸಿಕೊಳ್ಳಿ. ನೈಲಾನ್ ಸೀರೆಗೆ ಆ ಹೊತ್ತು ರಜೆ ಕೊಟ್ಟು ಹತ್ತಿ ಬಟ್ಟೆ ಉಡಿ. ಕೈ ಸುಟ್ಟರೆ ನಲ್ಲಿಯ ತಣ್ಣೀರಿನ ಕೆಳಗೆ 20 ನಿಮಿಷ ಹಿಡಿಯಿರಿ. ಟೂತ್‌ಪೇಸ್ಟ್, ಇಂಕು, ಬೆಣ್ಣೆ ಬಳಿಯಬೇಡಿ.

ಎಲ್ಲಕ್ಕಿಂತ ಮುಖ್ಯವಾದ ಮಾತು ಇದು. ಊಟ ಮುಗಿದ ಮೇಲೆ ‘ಕೆಂಡ ಇನ್ನೂ ಬೆಚ್ಚಗಿದೆ, ಅಜ್ಜಿ ಕೋಣೆಗೆ ಇಡೋಣ’ ಎಂದು ಯಾರಾದರೂ ಹೊರಟರೆ ತಡೆಯಿರಿ. ಹೊಗೆಯಿಲ್ಲದ ಕೆಂಡವೂ ಕಾರ್ಬನ್ ಮಾನಾಕ್ಸೈಡ್ ಬಿಡುತ್ತಲೇ ಇರುತ್ತದೆ. ಅದಕ್ಕೆ ಬಣ್ಣವಿಲ್ಲ, ವಾಸನೆಯಿಲ್ಲ. ತಲೆನೋವು, ವಾಕರಿಕೆ, ಜೋಂಪು ಬಂದು ಮಲಗಿದವರು ಏಳದೇ ಹೋಗಬಹುದು. ಬಾಗಿಲು ಮುಚ್ಚಿ ಅಗ್ಗಿಷ್ಟಿಕೆ ಇಟ್ಟುಕೊಂಡು ಮಲಗಿ ಪ್ರಾಣ ಕಳೆದುಕೊಂಡವರ ಸುದ್ದಿಯನ್ನು ಚಳಿಗಾಲದಲ್ಲಿ ಓದುತ್ತಲೇ ಇರುತ್ತೇವೆ. ಹಿಂದಿನ ಮನೆಗಳಲ್ಲಿ ಹೆಂಚಿನ ಸಂದಿಯಿಂದ ಗಾಳಿಯಾಡುತ್ತಿತ್ತು, ಇಂದಿನ ಗಾಜಿನ ಕಿಟಕಿಯ ಕೋಣೆಗಳಲ್ಲಿ ಅದೂ ಇಲ್ಲ. ಮಳೆ ಬಂತೆಂದು ಗ್ರಿಲ್ಲನ್ನು ಒಳಗೆ ಎಳೆದು ತರುವುದೂ ಬೇಡ, ಮುಚ್ಚಿದ ಬಾಲ್ಕನಿಯೂ ಬೇಡ. ಯಾರಿಗಾದರೂ ತಲೆ ಸುತ್ತಿದರೆ ತಕ್ಷಣ ಬಯಲಿಗೆ ಕರೆತಂದು 108ಕ್ಕೆ ಕರೆ ಮಾಡಿ.

ಉಳಿದ ಕೆಂಡದ ಮೇಲೆ ಒಮ್ಮೆಗೇ ನೀರು ಸುರಿದರೆ ಬಿಸಿ ಹಬೆ ಮುಖಕ್ಕೆ ಹೊಡೆಯುತ್ತದೆ. ಮರಳು ಮುಚ್ಚಿ, ಬೆಳಗಿನವರೆಗೆ ಹೊರಗೇ ಬಿಡಿ. ಉಳಿದ ಆಲೂಗಡ್ಡೆಯನ್ನು ಎಲೆ, ಫಾಯಿಲ್ ಬಿಚ್ಚಿ ಎರಡು ಗಂಟೆಯೊಳಗೆ ಫ್ರಿಜ್‌ಗೆ ಸೇರಿಸಿ. ಸುತ್ತಿದ ಹಾಗೆಯೇ ಹೊರಗಿಟ್ಟರೆ ಗಾಳಿಯಾಡದ ಆ ಬೆಚ್ಚಗಿನ ಜಾಗದಲ್ಲಿ ಅಪಾಯಕಾರಿ ಬ್ಯಾಕ್ಟೀರಿಯಾ ಬೆಳೆಯಬಹುದು.

ಕೆಲಸ ಹಂಚಿ, ರುಚಿ ಹೆಚ್ಚಿಸಿ

ಆಲೂಗಡ್ಡೆ ಬೇಯಿಸುವುದು, ಮಸಾಲೆ ಬಾಡಿಸುವುದು ನಿಮ್ಮ ಪಾಲಿಗಿರಲಿ. ಇದ್ದಿಲು ತಂದು ಹಚ್ಚುವುದು, ಆರಿಸುವುದು ಯಜಮಾನರಿಗೆ. ಚೀಸ್ ತುರಿಯುವುದು ಮಕ್ಕಳಿಗೆ. ಎಲೆ ಸುತ್ತಿ ನಾರು ಕಟ್ಟಲು ಅಜ್ಜಿಗಿಂತ ಚೆನ್ನಾದ ಕೈ ಇನ್ನಾವುದು? ಉಪ್ಪು, ಚಾಕು, ಇಕ್ಕಳ, ತಟ್ಟೆ, ಒಂದು ಬಕೆಟ್ ನೀರು, ಒಂದು ಬಕೆಟ್ ಮರಳು ಎಲ್ಲವನ್ನೂ ಒಂದೇ ಸಲ ಮೇಲೆ ಸಾಗಿಸಿಬಿಡಿ. ಆಮೇಲೆ ನೀವೂ ಒಂದು ಕುರ್ಚಿ ಹಾಕಿಕೊಂಡು ಕೂತುಬಿಡಿ. ‘ಅಮ್ಮಾ, ಅದೆಲ್ಲಿ?’ ಎಂದು ಯಾರಾದರೂ ಕೇಳಿದರೆ, ಮೆಟ್ಟಿಲು ಯಾವ ಕಡೆ ಇದೆ ಎಂದು ಬೆರಳು ತೋರಿಸಿದರೆ ಸಾಕು!