ಗೇಣಿಯೊ, ಕೂಲಿಯೊ?

ನಿಮ್ಮ ಮನೆಯ ಹಳೆಯ ಟ್ರಂಕಿನ ತಳದಲ್ಲಿ ‘ನಮೂನೆ 10’ ಎಂಬ ತಲೆಬರಹದ ಹಾಳೆಯೊಂದು ಇದ್ದರೂ ಇರಬಹುದು. ನೋಡುವುದಕ್ಕೆ ಸಾಮಾನ್ಯವಾದ ಸರ್ಕಾರಿ ಕಾಗದ. ಆದರೆ ಧಣಿಯ ನೆಲವನ್ನು ಉಳುತ್ತಿದ್ದ ಅಜ್ಜ ಅದೇ ನೆಲಕ್ಕೆ ಹಕ್ಕುದಾರನೆಂದು ದಾಖಲಾದುದು ಆ ಹಾಳೆಯಿಂದ. ಅದು ಕೈಗೆ ಬರುವ ಮುಂಚೆ ಆತ ಎಷ್ಟು ಸಲ ಕಚೇರಿಯ ಮೆಟ್ಟಿಲು ಹತ್ತಿಳಿದನೆಂಬುದನ್ನು ಮನೆಯ ಹಿರಿಯರನ್ನು ಕೇಳಿ ನೋಡಿ.

ಒಂದೊಂದು ಸೀಮೆಯಲ್ಲಿ ಒಕ್ಕಲುತನಕ್ಕೆ ಒಂದೊಂದು ಹೆಸರು. ಕರಾವಳಿಯಲ್ಲಿ ಶಾಶ್ವತವಾದ ಮೂಲಗೇಣಿ, ವರ್ಷ ವರ್ಷದ ಚಾಲಗೇಣಿ; ಉತ್ತರ ಕರ್ನಾಟಕದಲ್ಲಿ ಲಾವಣಿ, ಕೋರು; ಹಳೆಯ ಮೈಸೂರಿನಲ್ಲಿ ವಾರ, ಗುತ್ತಿಗೆ. ಸಾಗರದ ಬಳಿಯ ಕಾಗೋಡಿನಲ್ಲಿ 1951ರಲ್ಲಿ ನಡೆದ ರೈತ ಸತ್ಯಾಗ್ರಹವಂತೂ ಗೇಣಿ ಅಳೆಯುವ ಕೊಳಗದ ಗಾತ್ರದಿಂದಲೇ ಎದ್ದುದು. 1961ರ ಭೂಸುಧಾರಣಾ ಕಾಯಿದೆ ಜಾರಿಗೆ ಬಂದದ್ದು 1965ರ ಅಕ್ಟೋಬರ್ 2ರಂದು. ಆದರೆ ಅದರ ಹಲ್ಲು ಹರಿತವಾದುದು ದೇವರಾಜ ಅರಸರ ಸರ್ಕಾರ ತಂದ ತಿದ್ದುಪಡಿಯಿಂದಲೇ. 1974ರ ಮಾರ್ಚ್ 1ರಂದು ಗೇಣಿಯ ನೆಲವೆಲ್ಲ ಸರ್ಕಾರಕ್ಕೆ ಸೇರಿತು. ಅದನ್ನು ಸ್ವಂತ ಸಾಗುವಳಿ ಮಾಡುತ್ತಿದ್ದ ಒಕ್ಕಲು ‘ನಮೂನೆ 7’ರಲ್ಲಿ ಅರ್ಜಿ ಕೊಟ್ಟು ಹಕ್ಕು ಕೇಳಬೇಕಾಯಿತು.

ಮೇಲುನೋಟಕ್ಕೆ ಇಷ್ಟು ಸರಳ. ಹಾಗಾದರೆ ಜಗಳವೆಲ್ಲಿ ಬಂತು? ‘ಈತ ನನ್ನ ಒಕ್ಕಲೇ ಅಲ್ಲ’ ಎಂದು ಧಣಿ ಹೇಳಿದಲ್ಲಿ ಬಂತು.

ಕಾಯಿದೆಯ 4ನೆಯ ಪ್ರಕರಣದಂತೆ, ಪರರ ಭೂಮಿಯನ್ನು ನ್ಯಾಯಬದ್ಧವಾಗಿ ಸಾಗುವಳಿ ಮಾಡುವವನನ್ನು ಗೇಣಿದಾರನೆಂದೇ ಭಾವಿಸಬೇಕು. ಆದರೆ ಒಡೆಯನ ಕುಟುಂಬದವನು ಗೇಣಿದಾರನಲ್ಲ. ಸ್ವಾಧೀನ ಪಡೆದ ಅಡಮಾನದಾರನೂ ಅಲ್ಲ. ಒಡೆಯನ ಮೇಲ್ವಿಚಾರಣೆಯಲ್ಲಿ ದುಡಿಯುವ ಕೂಲಿಯಾಳೂ ಅಲ್ಲ. ಕೂಲಿಯನ್ನು ಹಣದಲ್ಲಿ ಕೊಡಬಹುದು, ಕಾಳಿನಲ್ಲಿಯೂ ಕೊಡಬಹುದು. ಬೆಳೆಯ ಪಾಲಾಗಿ ಮಾತ್ರ ಕೊಡುವಂತಿಲ್ಲ. ಪಾಲು ಕೊಟ್ಟರೆ ಅವನು ಆಳಲ್ಲ, ಒಕ್ಕಲು. ಈಗ ನೀವೇ ಯೋಚಿಸಿ: ಸುಗ್ಗಿಯಲ್ಲಿ ಕಣದಿಂದ ರೈತನೊಬ್ಬ ಹತ್ತು ಮೂಟೆ ಭತ್ತ ಹೊತ್ತು ತಂದ. ಅದು ವರ್ಷದ ಸಂಬಳವೆ, ಬೆಳೆಯ ಪಾಲೆ? ಭತ್ತದ ಮೇಲೇನೂ ಬರೆದಿರುವುದಿಲ್ಲ. ಇಡೀ ಕುಟುಂಬದ ಅನ್ನ ಈ ಒಂದು ಪ್ರಶ್ನೆಯ ಮೇಲೆ ನಿಂತಿತು.

ಬಾಯಿಮಾತಿನ ಗೇಣಿಗೆ ಚೀಟಿಯಿಲ್ಲ, ರಸೀದಿಯಿಲ್ಲ. ಉಳಿದುದು ಪಹಣಿ. 1964ರ ಭೂಕಂದಾಯ ಕಾಯಿದೆಯ 133ನೆಯ ಪ್ರಕರಣದ ಪ್ರಕಾರ, ಹಕ್ಕುದಾಖಲೆಯಲ್ಲಿ ಬರೆದುದನ್ನು, ತಪ್ಪೆಂದು ರುಜುವಾತಾಗುವ ತನಕ, ನಿಜವೆಂದೇ ಎಣಿಸಬೇಕು. (ವಿನೋದವೆಂದರೆ ಭೂಸುಧಾರಣಾ ಕಾಯಿದೆಯ 133ನೆಯ ಪ್ರಕರಣವೂ ಇಂಥ ವ್ಯಾಜ್ಯಗಳಲ್ಲಿ ಪದೇ ಪದೇ ಬರುತ್ತದೆ: ‘ಒಕ್ಕಲೆ, ಅಲ್ಲವೆ’ ಎಂಬುದನ್ನು ಸಿವಿಲ್ ನ್ಯಾಯಾಲಯ ತಾನೇ ತೀರ್ಮಾನಿಸುವಂತಿಲ್ಲ ಎನ್ನುವುದು ಇದು. ಎರಡನ್ನೂ ಕಲಸಿಕೊಂಡು ತಬ್ಬಿಬ್ಬಾಗುವವರುಂಟು.) ಸಾಗುವಳಿದಾರನ ಕಲಮಿನಲ್ಲಿ ಒಕ್ಕಲಿನ ಹೆಸರಿದ್ದರೆ ಅರ್ಧ ಗೆದ್ದಂತೆ. ಧಣಿಯ ಹೆಸರೇ ಇದ್ದರೆ, ನೆರೆಹೊಲದವರ ಸಾಕ್ಷಿಯಿಂದ ಅದನ್ನು ಅಳಿಸಬೇಕು. ಧಣಿಯ ಎದುರು ನಿಂತು ಸಾಕ್ಷಿ ನುಡಿಯುವುದು ಹಳ್ಳಿಯಲ್ಲಿ ಸುಲಭದ ಮಾತೆ?

ತೀರ್ಮಾನ ಮಾಡಬೇಕಾದುದು ಭೂನ್ಯಾಯ ಮಂಡಳಿ: ಅಸಿಸ್ಟೆಂಟ್ ಕಮಿಷನರರು ಅಧ್ಯಕ್ಷರು, ಸರ್ಕಾರ ನೇಮಿಸಿದ ನಾಲ್ವರು ಸದಸ್ಯರು. ಮೊದಲಿಗೆ ಅಲ್ಲಿ ವಕೀಲರಿಗೆ ಪ್ರವೇಶವಿರಲಿಲ್ಲ. ಬಡವನೂ ತನ್ನ ಮಾತು ತಾನೇ ಆಡಲಿ ಎಂಬುದು ಆಶಯ. ಆಶಯ ಒಳ್ಳೆಯದೇ. ಆದರೆ ಅರ್ಜಿಗಳು 8 ಲಕ್ಷವನ್ನು ಮೀರಿದುವು. ಅವಸರದಲ್ಲಿ ಬರೆದ ಎಷ್ಟೋ ಆಜ್ಞೆಗಳಲ್ಲಿ ಕಾರಣವನ್ನೇ ಕೊಟ್ಟಿರಲಿಲ್ಲ. ಸೋತವರು ಹೈಕೋರ್ಟಿಗೆ ರಿಟ್ ಹಾಕಿದರು; ಹೈಕೋರ್ಟು ಆಜ್ಞೆಯನ್ನು ರದ್ದುಮಾಡಿ ಪುನರ್ವಿಚಾರಣೆಗೆ ಕಳುಹಿತು; ಕಡತ ಮತ್ತೆ ತಾಲ್ಲೂಕಿಗೆ ಬಂತು. 1986ರಲ್ಲಿ ಮೇಲ್ಮನವಿ ಪ್ರಾಧಿಕಾರಗಳಾದುವು, 1990ರಲ್ಲಿ ಅವೂ ಹೋದುವು. ಈ ಅಲೆದಾಟದಲ್ಲಿ ಅರ್ಜಿ ಹಾಕಿದವನೂ ಸತ್ತು, ಎದುರಾಳಿಯೂ ಸತ್ತು, ಮಕ್ಕಳು ಕಡತವನ್ನು ಪಿತ್ರಾರ್ಜಿತವಾಗಿ ಪಡೆದರು.

ಅರ್ಜಿಗೆ ಕೊನೆಯ ದಿನ 1979ರ ಜೂನ್ 30. ಅದನ್ನು ತಪ್ಪಿಸಿಕೊಂಡವರಿಗೆ 1990ರ ದಶಕದ ಕೊನೆಯಲ್ಲಿ ‘ನಮೂನೆ 7ಎ’ ಎಂಬ ಸಣ್ಣ ಕಿಂಡಿಯೊಂದು ತೆರೆದು, ಮುಚ್ಚಿತು.

ಈಗಿನ ಜಗಳ ಧಣಿಗೂ ಒಕ್ಕಲಿಗೂ ಅಲ್ಲ, ಅಣ್ಣತಮ್ಮಂದಿರಲ್ಲಿ. ನಮೂನೆ 10 ಹಿರಿಯಣ್ಣನ ಹೆಸರಿಗೆ ಬಂದಿದೆ. ತಮ್ಮನ ಮಕ್ಕಳು ಪಾಲು ಕೇಳುತ್ತಾರೆ. ಗೇಣಿ ಅವಿಭಕ್ತ ಕುಟುಂಬದ್ದಾಗಿದ್ದರೆ, ಹಕ್ಕು ಒಬ್ಬನ ಹೆಸರಿನಲ್ಲಿದ್ದರೂ ಫಲ ಎಲ್ಲರಿಗೂ ಸೇರುತ್ತದೆಂದು ನ್ಯಾಯಾಲಯಗಳು ಹೇಳುತ್ತ ಬಂದಿವೆ. ಅಣ್ಣ ಬೇರೆಯಾದ ಮೇಲೆ ತಾನೊಬ್ಬನೇ ಗೇಣಿಗೆ ಹಿಡಿದದ್ದಾದರೆ ಹಾಗಲ್ಲ. ನಿಮ್ಮ ಮನೆಯಲ್ಲಿ ಇಂಥ ಮಾತು ಎದ್ದಿದ್ದರೆ, ವಕೀಲರಲ್ಲಿಗೆ ಹೋಗುವ ಮೊದಲು ಮಂಡಳಿಯ ಹಳೆಯ ಕಡತದ ದೃಢೀಕೃತ ನಕಲಿಗೆ ಅರ್ಜಿ ಹಾಕಿ. ಆಜ್ಞೆಯೊಂದೇ ಸಾಲದು, ನಮೂನೆ 7ರ ನಕಲನ್ನೂ ಅಣ್ಣ ಅಂದು ಮಂಡಳಿಯ ಮುಂದೆ ಕೊಟ್ಟ ಹೇಳಿಕೆಯನ್ನೂ ಕೇಳಿ ಪಡೆಯಿರಿ. ‘ನಾನು ಉಳುತ್ತಿದ್ದೇನೆ’ ಎಂದನೊ, ‘ನಾವು ಉಳುತ್ತಿದ್ದೇವೆ’ ಎಂದನೊ, ಅದರಲ್ಲಿ ಮೊದಲು ನೋಡಬೇಕಾದುದು ಅದನ್ನೇ.