ಮೊದಲ ಸಾಲಿಗೂ ಮುಂಚೆ

ಗೋವಾದಲ್ಲಿ ಒಂದೇ ಕಂಪ್ಯೂಟರಿನ ಪರದೆಯ ಮೇಲೆ ಕೊಂಕಣಿಯೂ ಕನ್ನಡವೂ ಅಕ್ಕಪಕ್ಕ ಕಾಣಿಸಿಕೊಂಡರೆ ಅಚ್ಚರಿಯೇನಿಲ್ಲ. 1987ರ ಕಾಯ್ದೆಯಂತೆ ದೇವನಾಗರಿ ಲಿಪಿಯ ಕೊಂಕಣಿ ಅಲ್ಲಿನ ರಾಜ್ಯಭಾಷೆ. ವಾಸ್ಕೋ, ಮಡಗಾಂವ್ ಕಡೆ ನೆಲೆಸಿರುವ ಕನ್ನಡಿಗರೂ ಕಡಿಮೆಯಿಲ್ಲ. ‘ಕರ್ನಾಟಕ’ ಎಂಬ ಹೆಸರನ್ನೇ ಎರಡೂ ಲಿಪಿಗಳಲ್ಲಿ ಟೈಪ್ ಮಾಡಿ ನೋಡಿ. ಕಂಪ್ಯೂಟರಿನ ಒಳಗೆ ಎರಡರಲ್ಲೂ ರಕಾರ ಮೊದಲು, ನಕಾರ ಆಮೇಲೆ. ಯುನಿಕೋಡ್ ಉಚ್ಚಾರದ ಕ್ರಮವನ್ನೇ ಹಿಡಿಯುತ್ತದೆ. ಪರದೆಗೆ ಬರುವಾಗ ಮಾತ್ರ ಕನ್ನಡದ ರಕಾರ ಅರ್ಕಾವತ್ತಾಗಿ ‘ನಾ’ ದಾಟಿ ಆಚೆ ಕೂರುತ್ತದೆ, ದೇವನಾಗರಿಯ ರಕಾರ ಅದರ ನೆತ್ತಿಗೇರುತ್ತದೆ.

ಲಿನಕ್ಸ್ ಕಂಪ್ಯೂಟರಿನಲ್ಲಿ ಈ ಜೋಡಣೆಯನ್ನೆಲ್ಲ ಮಾಡುವುದು ಹಾರ್ಫ್‌ಬಜ್ ಎಂಬ ತಂತ್ರಾಂಶ. ಪತ್ರ ಬರೆಯುವ ಲಿಬ್ರೆಆಫೀಸ್ ಆಗಲಿ, ಗ್ನೋಮ್ ಡೆಸ್ಕ್‌ಟಾಪಿನ ಪುಟ್ಟ ಟಿಪ್ಪಣಿ ಪುಸ್ತಕವಾಗಲಿ, ಒತ್ತಕ್ಷರದ ವಿದ್ಯೆಯನ್ನು ತಾನಾಗಿ ಕಲಿತಿರುವುದಿಲ್ಲ. ಅದು ಹೊರಗಿನ ಒಂದು ಕಡತದಲ್ಲಿರುತ್ತದೆ. ಇಂಥ ಕಡತಕ್ಕೆ ಶೇರ್ಡ್ ಲೈಬ್ರರಿ ಎನ್ನುತ್ತಾರೆ. ಲಿನಕ್ಸ್‌ನಲ್ಲಿ ಅದರ ಹೆಸರಿನ ಬಾಲದಲ್ಲಿ ‘ಎಸ್ಒ’ ಇರುತ್ತದೆ, ವಿಂಡೋಸ್‌ನಲ್ಲಿ ‘ಡಿಎಲ್ಎಲ್’. (ಫೈರ್‌ಫಾಕ್ಸ್, ಕ್ರೋಮ್ ಸಾಮಾನ್ಯವಾಗಿ ತಮ್ಮದೇ ಹಾರ್ಫ್‌ಬಜ್ ಪ್ರತಿಯನ್ನು ಹೊತ್ತು ತಿರುಗುತ್ತವೆ.)

ಊರ ದೇವಸ್ಥಾನದ ಹಂಡೆ ಕೊಪ್ಪರಿಗೆಗಳನ್ನು ಎಲ್ಲ ಮನೆಯ ಮದುವೆಗೂ ಕೊಡುತ್ತಾರಲ್ಲ, ವ್ಯವಸ್ಥೆ ಸರಿಸುಮಾರು ಹಾಗೆಯೇ. ಪಾತ್ರೆ ಎಲ್ಲರದು, ಅಕ್ಕಿ ಬೇಳೆ ಅವರವರದು. ಲೈಬ್ರರಿಯ ಆದೇಶಗಳಿರುವ ಭಾಗ ಮೆಮೊರಿಯಲ್ಲಿ ಒಂದೇ ಪ್ರತಿ; ಹತ್ತು ಪ್ರೋಗ್ರಾಂಗಳು ಅದನ್ನೇ ಓದುತ್ತವೆ, ಯಾರೂ ತಿದ್ದುವಂತಿಲ್ಲ. ಬದಲಾಗುವ ದತ್ತಾಂಶದ ಭಾಗ ಹಾಗಲ್ಲ. ಯಾವ ಪ್ರೋಗ್ರಾಂ ಅದರ ಮೇಲೆ ಬರೆಯಲು ಹೊರಡುತ್ತದೋ, ಆ ಗಳಿಗೆಯಲ್ಲಿ ಅದಕ್ಕೆ ಮಾತ್ರ ಆ ಪುಟದ ನಕಲು ಸಿಗುತ್ತದೆ.

ಈ ಉಳಿತಾಯದ ಬೆಲೆ ಮೆಮೊರಿ ಕಮ್ಮಿಯಿದ್ದವರಿಗೆ ಗೊತ್ತು. 2000ದ ದಶಕದ ಆರಂಭದಲ್ಲಿ ಹೊರದೇಶಗಳ ಗೋವನ್ನರು ಮುಂದೆ ನಿಂತು, ಅಲ್ಲಿ ಬಳಸಿಬಿಟ್ಟ ಕಂಪ್ಯೂಟರುಗಳನ್ನು ಗೋವಾದ ಶಾಲೆಗಳಿಗೆ ತಲುಪಿಸಿದರು. ಅವುಗಳಲ್ಲಿ ಗ್ನು/ಲಿನಕ್ಸ್ ಹಾಕುವ ಪ್ರಯತ್ನವೂ ನಡೆಯಿತು. ಅಂಥ ಹಳೆಯ ಯಂತ್ರದಲ್ಲಿ ಪ್ರತಿ ಪ್ರೋಗ್ರಾಮೂ ತನ್ನ ಸರಂಜಾಮನ್ನೆಲ್ಲ ತಾನೇ ಹೊತ್ತು ಬಂದಿದ್ದರೆ ಎರಡನೆಯದನ್ನು ತೆರೆಯುವಷ್ಟರಲ್ಲೇ ಉಸಿರು ಕಟ್ಟುತ್ತಿತ್ತು.

ಆದರೆ ಹಂಚಿಕೊಂಡದ್ದು ಕೆಲಸಕ್ಕೆ ಒದಗಬೇಕಾದರೆ ದೊಡ್ಡ ತಯಾರಿ ಬೇಕು. ನೀವು ಲಿಬ್ರೆಆಫೀಸ್‌ನ ಚಿತ್ರದ ಮೇಲೆ ಕ್ಲಿಕ್ ಮಾಡಿದ ಕೂಡಲೇ ಅದರ ಮೊದಲ ಸಾಲು ಓಡುವುದಿಲ್ಲ. ಕಾರ್ಯಾಚರಣ ವ್ಯವಸ್ಥೆಯ ತಿರುಳಾದ ಕರ್ನೆಲ್ ಆ ಕಡತವನ್ನು ತೆರೆದು ನೋಡಿದರೆ, ‘ಮೊದಲು ಲೋಡರನ್ನು ಕರೆಯಿರಿ’ ಎಂದು ಅದರಲ್ಲೇ ಬರೆದಿರುತ್ತದೆ. ಲೋಡರ್ ಎಂದರೆ ಡೈನಾಮಿಕ್ ಲಿಂಕರ್, ಲಿನಕ್ಸ್‌ನಲ್ಲಿ ಅದೂ ಒಂದು ಎಸ್ಒ ಕಡತವೇ. ಅದು ಪ್ರೋಗ್ರಾಮಿನೊಳಗಿನ ಬೇಕು-ಪಟ್ಟಿಯನ್ನು ಓದುತ್ತದೆ. ಪಟ್ಟಿಯ ಒಂದೊಂದು ಲೈಬ್ರರಿಗೂ ತನ್ನದೇ ಪಟ್ಟಿ. ಹಾರ್ಫ್‌ಬಜ್‌ಗೆ ಸಾಮಾನ್ಯವಾಗಿ ಫಾಂಟ್ ಓದುವ ಫ್ರೀಟೈಪ್ ಬೇಕು, ಫ್ರೀಟೈಪ್‌ಗೆ ಮತ್ತೊಂದು. ಲೋಡರ್ ಪೂರ್ವನಿಗದಿತ ಜಾಗಗಳಲ್ಲಿ, ಮೊದಲೇ ಮಾಡಿಟ್ಟ ಸೂಚಿಯ ನೆರವಿನಿಂದ, ಒಂದೊಂದನ್ನೂ ಹುಡುಕುತ್ತದೆ. ಒಂದು ಸಿಗದಿದ್ದರೂ ಪ್ರೋಗ್ರಾಂ ಅಲ್ಲಿಗೇ ನಿಲ್ಲುತ್ತದೆ. ಹೆಸರಿನ ಕೊನೆಯ ಅಂಕಿಯೂ ಹೊಂದಬೇಕು: ‘ಎಸ್ಒ 0’ ಕೇಳಿದವನಿಗೆ ‘ಎಸ್ಒ 1’ ಆಗದು. ಹಳೆಯ ವಿಂಡೋಸ್‌ನಲ್ಲಿ ಇಂಥ ಶಿಸ್ತು ಇಲ್ಲದೆ, ಹೊಸ ಪ್ರೋಗ್ರಾಂ ಹಾಕಿದರೆ ಹಳೆಯದು ಕೆಡುವ ಗೋಳು ವರ್ಷಗಟ್ಟಲೆ ನಡೆಯಿತು.

ಸಿಕ್ಕ ಕಡತವನ್ನು ಲೋಡರ್ ಇಡಿಯಾಗಿ ಮೆಮೊರಿಗೆ ಸುರಿಯುವುದಿಲ್ಲ. ಇಂತಿಂಥ ವಿಳಾಸದಲ್ಲಿ ಇದು ಇದೆಯೆಂದು ಗುರುತು ಹಾಕಿಕೊಳ್ಳುತ್ತದೆ, ಅಷ್ಟೆ. ಮುಟ್ಟಿದ ಪುಟ ಮಾತ್ರ ಡಿಸ್ಕಿನಿಂದ ಬರುತ್ತದೆ. ಆ ವಿಳಾಸ ಪ್ರತಿ ಸಲವೂ ಬೇರೆ, ದಾಳಿಕೋರರಿಗೆ ಊಹೆ ಸಿಗದಿರಲೆಂದು ಬೇಕೆಂದೇ ಹಾಗೆ ಮಾಡುತ್ತಾರೆ. ಹಾಗಾದರೆ ಎಂದೋ ಬರೆದು ಮುಗಿಸಿದ ಪ್ರೋಗ್ರಾಮಿಗೆ ಇಂದಿನ ವಿಳಾಸ ಹೇಗೆ ಗೊತ್ತು? ಅದರೊಳಗೆ ಖಾಲಿ ಕೋಷ್ಟಕವೊಂದು ಇರುತ್ತದೆ. ಲೋಡರ್ ಆಯಾ ದಿನದ ವಿಳಾಸಗಳನ್ನು ಅದರಲ್ಲಿ ತುಂಬುತ್ತದೆ. ಕೆಲವು ಸಲ ಈ ಕೆಲಸವನ್ನು ಮೊದಲ ಕರೆ ಬರುವವರೆಗೂ ಮುಂದೂಡುವುದುಂಟು. ಭದ್ರತೆ ಮುಖ್ಯವಾದ ಕಡೆ ಎಲ್ಲವನ್ನೂ ಆರಂಭದಲ್ಲೇ ತುಂಬಿ, ಕೋಷ್ಟಕಕ್ಕೆ ಬೀಗ ಜಡಿಯುತ್ತಾರೆ.

ಇನ್ನು ಲೈಬ್ರರಿಗಳು ತಮ್ಮ ಸಿದ್ಧತೆ ಮಾಡಿಕೊಳ್ಳಬೇಕು: ಪಟ್ಟಿಗಳನ್ನು ಕಟ್ಟುವುದು, ಬೀಗಗಳನ್ನು ಅಣಿ ಮಾಡುವುದು. ಇದಕ್ಕೆಂದೇ ಅವುಗಳಲ್ಲಿ ಆರಂಭದ ಫಂಕ್ಷನ್‌ಗಳಿರುತ್ತವೆ. ಇನ್ನೊಬ್ಬರನ್ನು ನಂಬಿದವರು ಆಮೇಲೆ, ನಂಬಿಸಿಕೊಂಡವರು ಮೊದಲು. ಮುಗಿಯುವಾಗ ಕ್ರಮ ತಿರುಗುಮುರುಗು. ಇಷ್ಟೆಲ್ಲ ಆದ ಮೇಲೆ ಪ್ರೋಗ್ರಾಮಿನ ಸ್ವಂತ ಮೊದಲ ಸಾಲು.

ಈ ಪೂರ್ವರಂಗ ನನಗೆ ಬರೀ ತಾಂತ್ರಿಕ ವಿವರವಾಗಿ ಕಾಣುವುದಿಲ್ಲ. ಅಲ್ಲಿ ಓಡುವುದೆಲ್ಲ ಬೇರೆಯವರ ಕೋಡ್, ಓಡುವುದು ಮಾತ್ರ ನಮ್ಮ ಪ್ರೋಗ್ರಾಮಿನ ಪೂರ್ತಿ ಅಧಿಕಾರದಲ್ಲಿ. 2024ರಲ್ಲಿ ಯಾರೋ ಕನ್ನ ಹಾಕಿದ್ದು ಸರಿಯಾಗಿ ಇಲ್ಲಿಗೇ. ಕಡತಗಳನ್ನು ಕುಗ್ಗಿಸುವ ಎಕ್ಸ್‌ಜಡ್ ಎಂಬ ಲೈಬ್ರರಿಯ 5.6.0 ಮತ್ತು 5.6.1 ಆವೃತ್ತಿಗಳಲ್ಲಿ ಕಳ್ಳದಾರಿ ಸೇರಿಕೊಂಡಿತ್ತು. ಗುರಿ ಮಾತ್ರ ದೂರದಿಂದ ಲಾಗಿನ್ ಆಗಲು ಬಳಸುವ ಎಸ್ಎಸ್ಎಚ್. ಅದಕ್ಕೂ ಎಕ್ಸ್‌ಜಡ್‌ಗೂ ನೇರ ನಂಟೇ ಇಲ್ಲ. ಆದರೆ ಕೆಲವು ಲಿನಕ್ಸ್‌ಗಳಲ್ಲಿ ಎಸ್ಎಸ್ಎಚ್‌ಗೆ ಸಿಸ್ಟಮ್‌ಡಿ ಎಂಬ ಇನ್ನೊಂದು ಲೈಬ್ರರಿ ಬೇಕಿತ್ತು, ಅದಕ್ಕೆ ಎಕ್ಸ್‌ಜಡ್ ಬೇಕಿತ್ತು. ಪ್ರೊಸೆಸರಿಗೆ ತಕ್ಕ ಫಂಕ್ಷನ್ ಆರಿಸಿಕೊಡಲೆಂದು ಲೋಡರ್ ಲೈಬ್ರರಿಯನ್ನೇ ಕೇಳುವ ಒಂದು ಸೌಲಭ್ಯವಿದೆ. ಕಳ್ಳಕೋಡ್ ಆ ಪ್ರಶ್ನೆಗೆ ಉತ್ತರಿಸುವ ನೆಪದಲ್ಲಿ ಎದ್ದು, ಕೋಷ್ಟಕಕ್ಕೆ ಬೀಗ ಬೀಳುವ ಮುಂಚೆಯೇ ತನ್ನ ಕೈಚಳಕ ತೋರಿಸುತ್ತಿತ್ತು. ಲಾಗಿನ್‌ಗೆ ಅರ್ಧ ಸೆಕೆಂಡಿನಷ್ಟು ಹೆಚ್ಚು ಹೊತ್ತು ಹಿಡಿಯುತ್ತಿದೆಯಲ್ಲ ಎಂದು ಕೆದಕುತ್ತ ಹೋದ ಎಂಜಿನಿಯರ್ ಆಂಡ್ರೆಸ್ ಫ್ರಾಯಂಡ್ ಮಾರ್ಚ್ 29ರಂದು ಇದನ್ನು ಬಯಲಿಗೆಳೆದರು.

ಹಂಚಿಕೆಯ ಇನ್ನೊಂದು ಮುಖವೂ ಇದೆ. 2014ರಲ್ಲಿ ಓಪನ್‌ಎಸ್ಎಸ್ಎಲ್ ಲೈಬ್ರರಿಯಲ್ಲಿ ಹಾರ್ಟ್‌ಬ್ಲೀಡ್ ಎಂಬ ತೂತು ಪತ್ತೆಯಾದಾಗ, ಆ ಲೈಬ್ರರಿಯನ್ನು ಹಂಚಿಕೊಂಡಿದ್ದ ಪ್ರೋಗ್ರಾಂಗಳನ್ನು ಒಂದೊಂದಾಗಿ ತಿದ್ದಬೇಕಾಗಲಿಲ್ಲ; ಒಂದು ಕಡತ ಬದಲಿಸಿದರೆ ಸಾಕಿತ್ತು. ಸಾಕಿತ್ತು ಎಂದರೂ ಪೂರ್ತಿ ಅಲ್ಲ. ಆಗಲೇ ಓಡುತ್ತಿರುವ ಪ್ರೋಗ್ರಾಂ ತಾನು ಶುರುವಾದಾಗ ಹಿಡಿದುಕೊಂಡ ಹಳೆಯ ಪ್ರತಿಯನ್ನು ಬಿಡುವುದಿಲ್ಲ. ಡಿಸ್ಕಿನಲ್ಲಿ ಅದರ ಹೆಸರೇ ಅಳಿದುಹೋಗಿದ್ದರೂ ಸರಿ. ಅಪ್‌ಡೇಟ್ ಮುಗಿದ ಮೇಲೂ ಕಂಪ್ಯೂಟರ್ ‘ರೀಸ್ಟಾರ್ಟ್ ಮಾಡಿ’ ಎಂದು ದುಂಬಾಲು ಬೀಳುವುದಕ್ಕೆ ಇದೂ ಒಂದು ಕಾರಣ.